ನಾಲ್ಕು ಸಲ ಎರಡನೇ ಸ್ಥಾನ: ಪಾಲ್ ಕೆರೆಸ್ ಯಾಕೆ ವಿಶ್ವ ಚಾಂಪಿಯನ್ ಆಗಲಿಲ್ಲ?

(ಪಾಡ್‌ಕಾಸ್ಟ್ ಸಂಚಿಕೆಯ ಬರಹ ರೂಪ)

ಇವತ್ತು ಚೆಸ್ ಬಗ್ಗೆ ಮಾತಾಡೋಣ. 2024ರ ಡಿಸೆಂಬರ್ 12ರಂದು ಸಿಂಗಪುರದಲ್ಲಿ ಗುಕೇಶ್ ವಿಶ್ವ ಚಾಂಪಿಯನ್ ಆದಾಗ ನಾವೆಲ್ಲ ಕುಣಿದಾಡಿದ್ದು ನೆನಪಿದೆ ಅಲ್ವಾ? 18 ವರ್ಷದ ಹುಡುಗ, ಚೀನಾದ ಡಿಂಗ್ ಲಿರೆನ್ ಎದುರು 7.5–6.5ರಿಂದ ಗೆದ್ದ. ಆದರೆ ಸಿಂಗಪುರದ ಆ ಕುರ್ಚಿ ಸಿಕ್ಕಿದ್ದು ಅದೇ ವರ್ಷದ ಏಪ್ರಿಲ್‌ನಲ್ಲಿ, ಟೊರಾಂಟೊದಲ್ಲಿ ನಡೆದ ಕ್ಯಾಂಡಿಡೇಟ್ಸ್ ಟೂರ್ನಿಯಲ್ಲಿ. ಅಲ್ಲಿ 14 ಆಟಗಳಿಂದ ಗುಕೇಶ್ ಗಳಿಸಿದ್ದು 9 ಅಂಕ. ಎರಡನೆಯವರದ್ದು ಎಷ್ಟು ಗೊತ್ತಾ? 8.5. ಅದೂ ಒಬ್ಬರಲ್ಲ, ಮೂವರು. ನಕಾಮುರಾ, ನೆಪೊಮ್ನಿಯಾಚಿ, ಕರುವಾನಾ. ಮೂರು ವಾರ ಆಡಿ, ಕೊನೆಗೆ ಉಳಿದ ವ್ಯತ್ಯಾಸ ಅರ್ಧ ಅಂಕ. ಒಂದು ಡ್ರಾ ಮಾಡಿದರೆ ಬರುವಷ್ಟು.

ಇವತ್ತಿನ ಕಥೆ ಆ ಅರ್ಧ ಅಂಕದ್ದು. ಗೆದ್ದವರ ಬಗ್ಗೆ ನಾವು ಎಷ್ಟೋ ಸಲ ಮಾತಾಡಿದ್ದೀವಿ. ಇವತ್ತು ಎರಡನೇ ಸ್ಥಾನದಲ್ಲೇ ಒಂದು ಇಡೀ ವೃತ್ತಿಜೀವನ ಕಳೆದ ಗ್ರ್ಯಾಂಡ್‌ಮಾಸ್ಟರ್ ಒಬ್ಬರ ಬಗ್ಗೆ ಹೇಳ್ತೀನಿ. ಹೆಸರು ಪಾಲ್ ಕೆರೆಸ್. ಎಸ್ಟೋನಿಯಾದವರು. (ಹೆಸರು ಕೇಳಿದ ಕೂಡಲೇ ನಮಗೆ ಊರ ಮುಂದಿನ ಕೆರೆ ನೆನಪಾಗುತ್ತೆ, ಏನು ಮಾಡೋದು.)

ನನಗೆ ಈ ಹೆಸರು ಪರಿಚಯ ಆಗಿದ್ದು ಚೆಸ್ ಕಲೀತಿದ್ದ ದಿನಗಳಲ್ಲಿ. ಪ್ರಸಿದ್ಧ ಆಟಗಳನ್ನು ಒಟ್ಟು ಮಾಡಿದ್ದ ಒಂದು ಹಳೇ ಪುಸ್ತಕ ಕೈಗೆ ಸಿಕ್ಕಿತ್ತು. ಪುಟ ತಿರುವಿದಂತೆಲ್ಲ ಈ ಕೆರೆಸ್ ಬರ್ತಾನೇ ಇದ್ದರು. ಇಷ್ಟು ಚೆಂದ ಆಡಿದವರು ಚಾಂಪಿಯನ್ ಆಗಿರಲೇಬೇಕು ಅಂದುಕೊಂಡು ಕೊನೆಯಲ್ಲಿದ್ದ ವಿಶ್ವ ಚಾಂಪಿಯನ್ನರ ಪಟ್ಟಿ ತೆಗೆದೆ. ಹೆಸರು ಇಲ್ಲ. ಮುದ್ರಣದ ತಪ್ಪಿರಬೇಕು ಅಂದುಕೊಂಡೆ. ತಪ್ಪಾಗಿರಲಿಲ್ಲ.

ಒಂದು ಲೆಕ್ಕ ಮೊದಲೇ ಕೊಟ್ಟುಬಿಡ್ತೀನಿ. ಕಾಪಾಬ್ಲಾಂಕಾ, ಅಲೆಖಿನ್, ಯೂವೆ, ಬೊಟ್ವಿನ್ನಿಕ್, ಸ್ಮಿಸ್ಲಾವ್, ತಾಲ್, ಪೆಟ್ರೋಸಿಯನ್, ಸ್ಪಾಸ್ಕಿ, ಫಿಶರ್. ಒಂಬತ್ತು ವಿಶ್ವ ಚಾಂಪಿಯನ್ನರು. ಈ ಒಂಬತ್ತೂ ಜನರನ್ನ ಕೆರೆಸ್ ಒಮ್ಮೆಯಾದರೂ ಸೋಲಿಸಿದ್ದಾರೆ. 1921ರಲ್ಲಿ ಕಿರೀಟ ಧರಿಸಿದ ಕಾಪಾಬ್ಲಾಂಕಾರಿಂದ ಹಿಡಿದು 1972ರಲ್ಲಿ ಧರಿಸಿದ ಫಿಶರ್‌ವರೆಗೆ, ಅರ್ಧ ಶತಮಾನದ ಚಾಂಪಿಯನ್ನರು ಇವರ ಎದುರು ಕೈಕುಲುಕಿ ಎದ್ದು ಹೋಗಿದ್ದಾರೆ. ಹಾಗಿದ್ದೂ ವಿಶ್ವ ಪಟ್ಟಕ್ಕಾಗಿ ಇಬ್ಬರೇ ಎದುರುಬದುರು ಕೂತು ಆಡುವ ಪಂದ್ಯ ಇವರಿಗೆ ಒಂದೇ ಒಂದು ಸಲವೂ ಸಿಗಲಿಲ್ಲ.

ಯಾಕೆ? ಸುಲಭದ ಉತ್ತರಗಳಿವೆ. ಎದೆಗಾರಿಕೆ ಸಾಲದು ಅಂದವರಿದ್ದಾರೆ, ರಾಜಕೀಯ ಅಂದವರಿದ್ದಾರೆ. ನಾನು ಪೆನ್ಸಿಲ್ ಹಿಡ್ಕೊಂಡು ಹಳೇ ಟೂರ್ನಿಗಳ ಅಂಕಪಟ್ಟಿ ಮುಂದೆ ಕೂತು ನೋಡಿದಾಗ ಅನ್ನಿಸಿದ್ದು ಬೇರೆ. ಅದನ್ನ ನಿಧಾನವಾಗಿ ಹೇಳ್ತೀನಿ.

ಕೆರೆಸ್ ಹುಟ್ಟಿದ್ದು 1916ರ ಜನವರಿ 7ರಂದು, ನಾರ್ವಾ ಎಂಬ ಊರಲ್ಲಿ. ಆಗ ಅದು ರಷ್ಯಾ ಸಾಮ್ರಾಜ್ಯದ ಭಾಗ. ಎರಡೇ ವರ್ಷಕ್ಕೆ ಎಸ್ಟೋನಿಯಾ ಸ್ವತಂತ್ರ ದೇಶ ಆಯ್ತು. ಹುಡುಗ ಬೆಳೆದಿದ್ದು ಕಡಲ ದಂಡೆಯ ಪಾರ್ನು ಎಂಬ ಪುಟ್ಟ ಊರಲ್ಲಿ. ಅಲ್ಲಿ ಚೆಸ್ ಪುಸ್ತಕಗಳು ಕಮ್ಮಿ, ಎದುರಾಳಿಗಳು ಇನ್ನೂ ಕಮ್ಮಿ. ಹುಡುಗ ಕಂಡುಕೊಂಡ ದಾರಿ ಅಂಚೆ ಚೆಸ್. ಅಂದರೆ ನೀವು ಒಂದು ನಡೆ ಕಾರ್ಡ್‌ನಲ್ಲಿ ಬರೆದು ಕಳಿಸ್ತೀರಿ, ದೂರದ ಯಾವುದೋ ದೇಶದವರು ಉತ್ತರವಾಗಿ ಅವರ ನಡೆ ಬರೆದು ಕಳಿಸ್ತಾರೆ. ಒಂದು ಆಟ ಮುಗಿಯೋಕೆ ತಿಂಗಳುಗಟ್ಟಲೆ ಬೇಕು. ಒಂದು ಹಂತದಲ್ಲಿ ಕೆರೆಸ್ ಏಕಕಾಲಕ್ಕೆ 150ರಷ್ಟು ಅಂಚೆ ಆಟಗಳನ್ನ ಆಡ್ತಿದ್ದರಂತೆ. ಆ ಊರಿನ ಪೋಸ್ಟ್‌ಮ್ಯಾನ್ ಪಾಡು ಯಾರೂ ಬರೆದಿಟ್ಟಿಲ್ಲ.

ಇದರಿಂದ ಆದ ಲಾಭ ದೊಡ್ಡದು. ಅಂಚೆ ಆಟದಲ್ಲಿ ಧೈರ್ಯವಾಗಿ ಪ್ರಯೋಗ ಮಾಡಬಹುದು. ಗಡಿಯಾರ ಓಡಲ್ಲ, ಬೋರ್ಡ್ ಮುಂದಿಟ್ಟುಕೊಂಡು ದಿನಗಟ್ಟಲೆ ಯೋಚನೆ ಮಾಡಬಹುದು. ಹಾಗಾಗಿ 1935ರಲ್ಲಿ ವಾರ್ಸಾದ ಒಲಿಂಪಿಯಾಡ್‌ಗೆ ಎಸ್ಟೋನಿಯಾದ ಮೊದಲ ಬೋರ್ಡ್ ಆಟಗಾರನಾಗಿ ಬಂದ 19ರ ಹುಡುಗನನ್ನ ನೋಡಿ ಯುರೋಪಿನ ಮಾಸ್ಟರ್‌ಗಳು ಬೆರಗಾದರು. ಯಾರೂ ಹೆಸರು ಕೇಳಿರಲಿಲ್ಲ, ಆಟ ಮಾತ್ರ ಬಿರುಗಾಳಿ ಥರ. ಎರಡು ವರ್ಷ ಕಳೆದು 1937ರಲ್ಲಿ, ಆಸ್ಟ್ರಿಯಾದ ಸೆಮ್ಮರಿಂಗ್–ಬಾಡೆನ್ ಟೂರ್ನಿಯಲ್ಲಿ ಕಾಪಾಬ್ಲಾಂಕಾ, ಫೈನ್, ರೆಶೆವ್‌ಸ್ಕಿ, ಫ್ಲೋರ್ ಇವರೆಲ್ಲರನ್ನೂ ಹಿಂದೆ ಹಾಕಿ ಮೊದಲ ಸ್ಥಾನ.

ಈಗ 1938ಕ್ಕೆ ಬರ್ತೀನಿ. ಇಲ್ಲಿ ಸ್ವಲ್ಪ ಹೊತ್ತು ನಿಲ್ಲಬೇಕು.

ಆ ವರ್ಷ ನವೆಂಬರ್‌ನಲ್ಲಿ ನೆದರ್ಲೆಂಡ್ಸ್‌ನಲ್ಲಿ ಒಂದು ಟೂರ್ನಿ ನಡೀತು. ಹೆಸರು ಆವ್ರೊ. ಅದು ಡಚ್ ರೇಡಿಯೊ ಸಂಸ್ಥೆಯೊಂದರ ಹೆಸರು, ದುಡ್ಡು ಹಾಕಿದವರು ಅವರೇ. (ಆಡಿಯೊದವರು ಚೆಸ್‌ಗೆ ಖರ್ಚು ಮಾಡಿದ್ದ ಕಾಲ! ನಮ್ಮ ಸಂಪಾದಕರು ಇದನ್ನ ಕೇಳಿಸಿಕೊಳ್ಳಲಿ.) ಆಡಿದ್ದು ಎಂಟೇ ಜನ, ಆದರೆ ಆ ಎಂಟು ಹೆಸರು ನೋಡಿ: ಆಗಿನ ಚಾಂಪಿಯನ್ ಅಲೆಖಿನ್, ಮಾಜಿ ಚಾಂಪಿಯನ್ನರಾದ ಕಾಪಾಬ್ಲಾಂಕಾ ಮತ್ತು ಯೂವೆ, ಮುಂದೆ ಚಾಂಪಿಯನ್ ಆಗಲಿದ್ದ ಬೊಟ್ವಿನ್ನಿಕ್, ಅಮೆರಿಕದ ಫೈನ್ ಮತ್ತು ರೆಶೆವ್‌ಸ್ಕಿ, ಫ್ಲೋರ್, ಮತ್ತೆ ನಮ್ಮ ಕೆರೆಸ್. ಒಂದೇ ಊರಲ್ಲಿ ಕೂತು ಆಡಿದ್ದಲ್ಲ. ಆಮ್‌ಸ್ಟರ್‌ಡ್ಯಾಮ್, ರಾಟರ್‌ಡ್ಯಾಮ್, ಗ್ರೋನಿಂಗನ್ ಹೀಗೆ ಊರಿಂದ ಊರಿಗೆ ರೈಲಿನಲ್ಲಿ ಓಡಾಡಿಕೊಂಡು ಆಡಬೇಕಿತ್ತು. ವಯಸ್ಸಾದವರಿಗೆ ಅದು ಹಿಂಸೆ. ಕಾಪಾಬ್ಲಾಂಕಾ 50ನೇ ಹುಟ್ಟುಹಬ್ಬದ ದಿನವೇ ಅಲೆಖಿನ್ ಕೈಲಿ ಸೋತರು.

ಪ್ರತಿಯೊಬ್ಬರೂ ಪ್ರತಿಯೊಬ್ಬರ ಜೊತೆ ಎರಡೆರಡು ಆಟ, ಒಟ್ಟು 14. ಗೆದ್ದರೆ 1, ಡ್ರಾ ಆದರೆ ಅರ್ಧ, ಸೋತರೆ ಸೊನ್ನೆ. 22 ವರ್ಷದ ಕೆರೆಸ್ 3 ಗೆದ್ದು, 11 ಡ್ರಾ ಮಾಡಿ, ಒಂದೂ ಸೋಲದೆ 8.5 ಅಂಕ ಪಡೆದರು. ಫೈನ್ ಅವರದ್ದೂ 8.5. ಆದರೆ ಅವರಿಬ್ಬರ ನಡುವಿನ ಆಟಗಳಲ್ಲಿ ಕೆರೆಸ್ ಮುಂದಿದ್ದ ಕಾರಣ ಮೊದಲ ಸ್ಥಾನ ಕೆರೆಸ್‌ಗೆ. ಬೊಟ್ವಿನ್ನಿಕ್ 7.5ರೊಂದಿಗೆ ಮೂರನೆಯವರು.

ಸರಿ, ಗೆದ್ದಾಯ್ತು. ಮುಂದೆ? ಇಲ್ಲೇ ಆ ಕಾಲದ ವ್ಯವಸ್ಥೆ ಅರ್ಥ ಮಾಡಿಕೊಳ್ಳಬೇಕು. ಇವತ್ತು ಕ್ಯಾಂಡಿಡೇಟ್ಸ್ ಗೆದ್ದರೆ ಚಾಂಪಿಯನ್ ಜೊತೆ ಆಡೋ ಹಕ್ಕು ತಾನಾಗಿ ಬರುತ್ತೆ. ಆಗ ಹಾಗಿರಲಿಲ್ಲ. ವಿಶ್ವ ಪಟ್ಟ ಅನ್ನೋದು ಚಾಂಪಿಯನ್‌ನ ಸ್ವಂತ ಆಸ್ತಿ ಇದ್ದ ಹಾಗೆ. ಯಾರ ಜೊತೆ ಆಡಬೇಕು, ಎಲ್ಲಿ, ಯಾವಾಗ, ಎಷ್ಟು ದುಡ್ಡಿಗೆ ಅನ್ನೋದನ್ನೆಲ್ಲ ಅವರೇ ತೀರ್ಮಾನ ಮಾಡೋರು. ಸವಾಲು ಹಾಕುವವನು ಬಹುಮಾನದ ಹಣ ತಾನೇ ಹೊಂದಿಸಿಕೊಂಡು ಬರಬೇಕು. ಆವ್ರೊ ಗೆದ್ದವರಿಗೆ ಅಲೆಖಿನ್ ಜೊತೆ ಪಂದ್ಯ ಸಿಗುತ್ತೆ ಅನ್ನೋ ನಿರೀಕ್ಷೆ ಇತ್ತು, ಕಟ್ಟುಪಾಡು ಇರಲಿಲ್ಲ. ಕೆರೆಸ್ ಆಟದ ಉತ್ತುಂಗದಲ್ಲಿದ್ದರು, ಆದರೆ ಅವರ ಮುಂದೆ ರಸ್ತೆಯೇ ಇರಲಿಲ್ಲ.

ರಸ್ತೆ ಹುಡುಕುವಷ್ಟರಲ್ಲಿ ಯುದ್ಧ ಬಂತು. 1939ರ ಸೆಪ್ಟೆಂಬರ್ 1ರಂದು ಜರ್ಮನಿ ಪೋಲೆಂಡ್ ಮೇಲೆ ದಾಳಿ ಮಾಡಿದಾಗ ಜಗತ್ತಿನ ಅರ್ಧ ಚೆಸ್ ಲೋಕ ಅರ್ಜೆಂಟೀನಾದ ಬ್ಯೂನಸ್ ಐರಿಸ್‌ನಲ್ಲಿ ಒಲಿಂಪಿಯಾಡ್ ಆಡ್ತಿತ್ತು. ಎಸ್ಟೋನಿಯಾ ಅಲ್ಲಿ ಮೂರನೇ ಸ್ಥಾನ ಪಡೀತು. ಅಷ್ಟು ಚಿಕ್ಕ ದೇಶಕ್ಕೆ ಅದು ದೊಡ್ಡ ಸಾಧನೆ. ಟೂರ್ನಿ ಮುಗಿದ ಮೇಲೆ ಎಷ್ಟೋ ಆಟಗಾರರು ಊರಿಗೆ ವಾಪಸ್ ಹೋಗಲೇ ಇಲ್ಲ. ಪೋಲೆಂಡಿನ ನಾಯ್ಡಾರ್ಫ್ ಅಲ್ಲೇ ಉಳಿದು ಅರ್ಜೆಂಟೀನಾದವರೇ ಆಗಿಬಿಟ್ಟರು. ಕೆರೆಸ್ ಹಡಗು ಹತ್ತಿ ವಾಪಸ್ ಬಂದರು. ಆ ಚಳಿಗಾಲದಲ್ಲೇ ಮಾಜಿ ಚಾಂಪಿಯನ್ ಯೂವೆ ಜೊತೆ 14 ಆಟಗಳ ಪಂದ್ಯ ಆಡಿ 7.5–6.5ರಿಂದ ಗೆದ್ದರು ಕೂಡ.

ಆಮೇಲಿನದ್ದು ಚೆಸ್ ಕಥೆ ಅಲ್ಲ, ದೇಶವೊಂದರ ಕಥೆ. 1940ರಲ್ಲಿ ಸೋವಿಯತ್ ಸೈನ್ಯ ಎಸ್ಟೋನಿಯಾವನ್ನ ಆಕ್ರಮಿಸಿಕೊಂಡಿತು. 1941ರಲ್ಲಿ ಜರ್ಮನ್ನರು ಬಂದರು. 1944ರಲ್ಲಿ ಮತ್ತೆ ಸೋವಿಯತ್ತರು. ಕೆರೆಸ್ ಒಂದೇ ಕುರ್ಚಿಯಲ್ಲಿ ಕೂತಿದ್ದರೂ ಮೇಜಿನ ಮೇಲಿನ ಬಾವುಟ ಮೂರು ಸಲ ಬದಲಾಯ್ತು ನೋಡಿ. ಸೋವಿಯತ್ ಆಳ್ವಿಕೆಯಲ್ಲಿ ಸೋವಿಯತ್ ಟೂರ್ನಿ ಆಡಿದರು: 1941ರ ಸೋವಿಯತ್ ಪ್ರಧಾನ ಟೂರ್ನಿಯಲ್ಲಿ ಬೊಟ್ವಿನ್ನಿಕ್ ಮೊದಲು, ಕೆರೆಸ್ ಎರಡನೆಯವರು. ಜರ್ಮನ್ ಆಳ್ವಿಕೆಯಲ್ಲಿ ಜರ್ಮನ್ನರು ನಡೆಸಿದ ಟೂರ್ನಿ ಆಡಿದರು: ಸಾಲ್ಜ್‌ಬರ್ಗ್, ಮ್ಯೂನಿಕ್, ಪ್ರಾಗ್. ಅಲ್ಲಿ ಎದುರಿಗೆ ಕೂತಿದ್ದು ಅದೇ ಅಲೆಖಿನ್. 1942 ಸಾಲ್ಜ್‌ಬರ್ಗ್, ಅಲೆಖಿನ್ ಮೊದಲು, ಕೆರೆಸ್ ಎರಡನೆಯವರು. 1943ರಲ್ಲಿ ಅಲ್ಲೇ ಇಬ್ಬರೂ ಸಮ. ಸೋವಿಯತ್ ಸೈನ್ಯ ಮರಳಿ ಬಂದಾಗ ಕೆರೆಸ್‌ಗೆ ಪಶ್ಚಿಮಕ್ಕೆ ಪಾರಾಗುವ ಯತ್ನ ಕೈಗೂಡಲಿಲ್ಲ. ಶತ್ರುವಿನ ಟೂರ್ನಿ ಆಡಿದವನು ಅನ್ನೋ ಶಂಕೆ ತಲೆ ಮೇಲೆ ಕೂತಿತು. ವಿಚಾರಣೆ ಆಯ್ತು. 1946ರಲ್ಲಿ ಯುದ್ಧಾನಂತರದ ಮೊದಲ ದೊಡ್ಡ ಟೂರ್ನಿ ಗ್ರೋನಿಂಗನ್‌ನಲ್ಲಿ ನಡೆದಾಗ ಬೊಟ್ವಿನ್ನಿಕ್ ಅಲ್ಲಿ ಗೆದ್ದರು. ಕೆರೆಸ್ ಆ ಪಟ್ಟಿಯಲ್ಲಿಲ್ಲ. 1947ರಲ್ಲಿ ಸೋವಿಯತ್ ಚಾಂಪಿಯನ್‌ಷಿಪ್ ಆಡಲು ಬಿಟ್ಟರು. ಆಡಿದರು, ಗೆದ್ದರು.

ಇದರ ನಡುವೆ 1946ರ ಮಾರ್ಚ್‌ನಲ್ಲಿ ಅಲೆಖಿನ್ ಪೋರ್ಚುಗಲ್‌ನ ಹೋಟೆಲ್ ಕೋಣೆಯೊಂದರಲ್ಲಿ ತೀರಿಕೊಂಡರು. ಪಟ್ಟ ಬಿಟ್ಟುಕೊಡದೆ ಸತ್ತ ಏಕೈಕ ಚಾಂಪಿಯನ್. ಸಿಂಹಾಸನ ಖಾಲಿ. ಅಂತರರಾಷ್ಟ್ರೀಯ ಚೆಸ್ ಸಂಸ್ಥೆ ಫಿಡೆ ಈಗ ಮೊದಲ ಬಾರಿಗೆ ಪಟ್ಟವನ್ನ ತನ್ನ ಕೈಗೆ ತಗೊಂಡಿತು. ಐದು ಜನರ ನಡುವೆ, ಒಬ್ಬೊಬ್ಬರ ಎದುರೂ ಐದೈದು ಆಟ. ಒಂದು ಭಾಗ ಹೇಗ್‌ನಲ್ಲಿ, ಉಳಿದ ಭಾಗ ಮಾಸ್ಕೋದಲ್ಲಿ. ವರ್ಷ 1948.

ಫಲಿತಾಂಶ: ಬೊಟ್ವಿನ್ನಿಕ್ 14, ಸ್ಮಿಸ್ಲಾವ್ 11, ಕೆರೆಸ್ ಮತ್ತು ರೆಶೆವ್‌ಸ್ಕಿ 10.5, ಯೂವೆ 4. ಇಷ್ಟೇ ಆಗಿದ್ದರೆ ಯಾರೂ ತಲೆ ಕೆಡಿಸಿಕೊಳ್ತಿರಲಿಲ್ಲ. ಆದರೆ ಕೆರೆಸ್–ಬೊಟ್ವಿನ್ನಿಕ್ ಸಾಲು ನೋಡಿದರೆ ಕಣ್ಣು ನಿಲ್ಲುತ್ತೆ. ಮೊದಲ ನಾಲ್ಕೂ ಆಟ ಕೆರೆಸ್ ಸೋತರು. ಐದನೆಯದನ್ನ ಗೆದ್ದರು. ಯಾವಾಗ? ಬೊಟ್ವಿನ್ನಿಕ್ ಚಾಂಪಿಯನ್ ಆಗೋದು ಖಚಿತ ಆದಮೇಲೆ.

ಅವತ್ತಿನಿಂದ ಇವತ್ತಿನವರೆಗೂ ಇದೇ ಪ್ರಶ್ನೆ. ಬೇಕಂತಲೇ ಸೋತರಾ? ಮೇಲಿನಿಂದ ಒತ್ತಡ ಇತ್ತಾ? ಜರ್ಮನ್ ಟೂರ್ನಿ ಆಡಿದ ಮನುಷ್ಯ, ಸ್ಟಾಲಿನ್ ಕಾಲ, ಎದುರಿಗೆ ಸೋವಿಯತ್ ವ್ಯವಸ್ಥೆಯ ಕಣ್ಮಣಿ. ಅನುಮಾನ ಬರೋದು ಸಹಜ. ಬೊಟ್ವಿನ್ನಿಕ್ ಅವರೇ 1991ರಲ್ಲಿ ಒಂದು ಸಂದರ್ಶನದಲ್ಲಿ, ಟೂರ್ನಿಯ ದ್ವಿತೀಯಾರ್ಧದಲ್ಲಿ ಉಳಿದ ಸೋವಿಯತ್ ಆಟಗಾರರು ನನಗೆ ಸೋಲಲಿ ಎಂಬ ಸೂಚನೆ ಸ್ಟಾಲಿನ್ ಕಡೆಯಿಂದಲೇ ಬಂದಿತ್ತು, ನಾನು ಒಪ್ಪಲಿಲ್ಲ ಅನ್ನೋ ಅರ್ಥದಲ್ಲಿ ಹೇಳಿದ್ದರು. ಕೆರೆಸ್ ಮಾತ್ರ ಸಾಯೋತನಕ ಬಹಿರಂಗವಾಗಿ ಅಂಥ ಆರೋಪ ಮಾಡಲಿಲ್ಲ. ಕಾಗದದ ಪುರಾವೆ ಯಾರ ಕೈಯಲ್ಲೂ ಇಲ್ಲ. ಆಟಗಳನ್ನ ವಿಶ್ಲೇಷಣೆ ಮಾಡಿದವರಲ್ಲೂ ಒಮ್ಮತ ಇಲ್ಲ. ಒಬ್ಬರಿಗೆ ಬೇಕಂತ ಮಾಡಿದ ತಪ್ಪಿನ ಹಾಗೆ ಕಾಣೋದು ಇನ್ನೊಬ್ಬರಿಗೆ ದಣಿದ ಮನುಷ್ಯನ ತಪ್ಪಿನ ಹಾಗೆ ಕಾಣುತ್ತೆ.

ನಾನು ಮಾಡಿದ್ದು ಒಂದು ಸಣ್ಣ ಲೆಕ್ಕ. ನೀವೂ ಮಾಡಿ ನೋಡಬಹುದು. ಆ ಐದು ಆಟಗಳ ಫಲಿತಾಂಶ 4–1. ಅದನ್ನ ಅಳಿಸಿ, ಇಬ್ಬರೂ ಸಮಸಮ ಆಡಿದರು, 2.5–2.5 ಅಂತ ಇಟ್ಕೊಳ್ಳಿ. ಆಗ ಬೊಟ್ವಿನ್ನಿಕ್ 14ರಿಂದ 12.5ಕ್ಕೆ ಇಳೀತಾರೆ. ಕೆರೆಸ್ 10.5ರಿಂದ 12ಕ್ಕೆ ಏರ್ತಾರೆ. ಆಗಲೂ ಬೊಟ್ವಿನ್ನಿಕ್ಕೇ ಚಾಂಪಿಯನ್, ಅರ್ಧ ಅಂಕದಿಂದ! ಕೆರೆಸ್ ಪಟ್ಟ ಗೆಲ್ಲಬೇಕಿದ್ದರೆ ಬೊಟ್ವಿನ್ನಿಕ್ ಎದುರು ಸಮ ಮಾಡಿದರೆ ಸಾಲದು, 3–2ರಿಂದ ಗೆಲ್ಲಬೇಕಿತ್ತು.

ಇದರಿಂದ ಒತ್ತಡ ಇರಲಿಲ್ಲ ಅಂತ ಸಾಬೀತಾಗಲ್ಲ, ಅದು ನನಗೂ ಗೊತ್ತು. ಹೆದರಿದ ಮನುಷ್ಯ ಉಳಿದ ಆಟಗಳನ್ನೂ ಸರಿಯಾಗಿ ಆಡಲ್ಲ. ಆದರೆ ಪಟ್ಟ ಕಳೆದುಹೋಗಿದ್ದು 1948ರ ಆ ನಾಲ್ಕು ಆಟಗಳಲ್ಲಿ ಅನ್ನೋದನ್ನ ನಾನು ಒಪ್ಪಲ್ಲ. ಅದು ಕಳೆದುಹೋಗಿದ್ದು 1938 ಮತ್ತು 1948ರ ಮಧ್ಯೆ. 22ರಿಂದ 32ರವರೆಗಿನ ವಯಸ್ಸು ಚೆಸ್ ಆಟಗಾರನಿಗೆ ಚಿನ್ನದಂಥದ್ದು. ಬೊಟ್ವಿನ್ನಿಕ್‌ಗೂ ಆ ವರ್ಷಗಳಲ್ಲಿ ಯುದ್ಧ ಇತ್ತು, ನಿಜ. ಆದರೆ ಅವರ ಹಿಂದೆ ಒಂದು ದೇಶ ನಿಂತಿತ್ತು. ಕೆರೆಸ್ ಹಿಂದಿದ್ದ ದೇಶವೇ ಭೂಪಟದಲ್ಲಿ ಇರಲಿಲ್ಲ.

ಸರಿ, 1948ರ ನಂತರ ರಸ್ತೆ ಆದರೂ ಸಿದ್ಧವಾಯ್ತು. ಫಿಡೆ ಒಂದು ಪದ್ಧತಿ ಮಾಡಿತು: ಮೂರು ವರ್ಷಕ್ಕೊಂದು ಕ್ಯಾಂಡಿಡೇಟ್ಸ್ ಟೂರ್ನಿ, ಅದರಲ್ಲಿ ಗೆದ್ದ ಒಬ್ಬರು ಮಾತ್ರ ಚಾಂಪಿಯನ್ ಜೊತೆ ಆಡ್ತಾರೆ. 1950ರಲ್ಲಿ ಗ್ರ್ಯಾಂಡ್‌ಮಾಸ್ಟರ್ ಎಂಬ ಪದವಿಯನ್ನೂ ಅಧಿಕೃತ ಮಾಡಿತು. ಮೊದಲ ಪಟ್ಟಿಯಲ್ಲಿ ಇದ್ದದ್ದು ಇಡೀ ಜಗತ್ತಿಗೆ 27 ಹೆಸರು. ಕೆರೆಸ್ ಅದರಲ್ಲಿ ಒಬ್ಬರು. ಅದೇ ವರ್ಷ ಮತ್ತು ಮರುವರ್ಷ ಸೋವಿಯತ್ ಚಾಂಪಿಯನ್‌ಷಿಪ್ ಕೂಡ ಗೆದ್ದರು. 1951ರದ್ದರಲ್ಲಿ ವಿಶ್ವ ಚಾಂಪಿಯನ್ ಬೊಟ್ವಿನ್ನಿಕ್ ಕೂಡ ಆಡಿದ್ದರು, ಕೆರೆಸ್‌ಗಿಂತ ಕೆಳಗೆ ಬಂದರು. ಆಗಿನ ಸೋವಿಯತ್ ಚಾಂಪಿಯನ್‌ಷಿಪ್ ಅಂದರೆ ಎಷ್ಟೋ ಅಂತರರಾಷ್ಟ್ರೀಯ ಟೂರ್ನಿಗಳಿಗಿಂತ ಗಟ್ಟಿ.

ಈಗ ಶುರು ಆ ಎರಡನೇ ಸ್ಥಾನಗಳ ಸಾಲು.

1953, ಜ್ಯೂರಿಕ್. ಸ್ಮಿಸ್ಲಾವ್ 18 ಅಂಕ. ಎರಡನೇ ಸ್ಥಾನ ಮೂವರಿಗೆ, ತಲಾ 16: ಬ್ರಾನ್‌ಸ್ಟೈನ್, ರೆಶೆವ್‌ಸ್ಕಿ, ಕೆರೆಸ್. ಇಲ್ಲಿ ಒಂದು ಆಟ ಇದೆ, ಸ್ಮಿಸ್ಲಾವ್ ಎದುರು. ಟೂರ್ನಿ ಕೊನೆಯ ಹಂತದಲ್ಲಿತ್ತು, ಮುಂದಿದ್ದವರನ್ನ ಹಿಡೀಬೇಕಿದ್ದರೆ ಗೆಲ್ಲಲೇಬೇಕು. ಕೆರೆಸ್ ಎರಡೂ ಆನೆಗಳನ್ನ ರಾಜನ ಕಡೆಗೆ ಸಾಗಿಸಿ, ಒಂದನ್ನ ಬಲಿಗೆ ಒಡ್ಡಿದರು. ತಗೊಂಡರೆ ದಾಳಿ ಭಯಂಕರ. ಸ್ಮಿಸ್ಲಾವ್ ಬಹಳ ಹೊತ್ತು ಯೋಚನೆ ಮಾಡಿ, ಆನೆ ಮುಟ್ಟದೆ, ಬೋರ್ಡಿನ ಮಧ್ಯದಲ್ಲಿ ಶಾಂತವಾಗಿ ಉತ್ತರ ಕೊಟ್ಟರು. ದಾಳಿ ಕರಗಿತು. ಕೆರೆಸ್ ಸೋತರು. ಹೆದರಿದವನು ಆಡೋ ಆಟ ಅಲ್ಲ ಅದು, ಎದೆಗಾರಿಕೆ ಇಲ್ಲ ಅನ್ನುವವರಿಗೆ ನಾನು ತೋರಿಸೋದು ಇದನ್ನೇ.

1956, ಆಮ್‌ಸ್ಟರ್‌ಡ್ಯಾಮ್. ಸ್ಮಿಸ್ಲಾವ್ 11.5, ಕೆರೆಸ್ 10. ಮುಂದಕ್ಕೆ ಹೋಗೋಣ.

1959, ಯುಗೊಸ್ಲಾವಿಯಾ. ಇದು ನನಗೆ ಅತಿ ಕುತೂಹಲದ ಟೂರ್ನಿ. ಬ್ಲೆಡ್, ಜಾಗ್ರೆಬ್, ಬೆಲ್‌ಗ್ರೇಡ್ ಮೂರು ಊರುಗಳಲ್ಲಿ, ಎಂಟು ಜನ, ಒಬ್ಬೊಬ್ಬರ ಎದುರೂ ನಾಲ್ಕು ಆಟ, ಒಟ್ಟು 28. ಗೆದ್ದಿದ್ದು 22ರ ಹರೆಯದ ಮಿಖಾಯಿಲ್ ತಾಲ್, 20 ಅಂಕ. ಎರಡನೆಯವರು 43ರ ಕೆರೆಸ್, 18.5. ಈಗ ಕೇಳಿ: ಅವರಿಬ್ಬರ ನಡುವಿನ ನಾಲ್ಕು ಆಟಗಳಲ್ಲಿ ಯಾರು ಗೆದ್ದರು? ಕೆರೆಸ್. 3–1ರಿಂದ. ಟೂರ್ನಿ ಗೆದ್ದವನನ್ನೇ ಮೂರು ಸಲ ಸೋಲಿಸಿ ಎರಡನೆಯವರಾದರು!

ಇದು ಹೇಗೆ ಸಾಧ್ಯ ಅಂದರೆ, ಎಲ್ಲರೂ ಎಲ್ಲರ ಜೊತೆ ಆಡುವ ಟೂರ್ನಿಯಲ್ಲಿ ಬಲಿಷ್ಠನನ್ನ ಸೋಲಿಸಿದರೂ ಒಂದೇ ಅಂಕ, ಕೊನೆಯವನನ್ನ ಸೋಲಿಸಿದರೂ ಒಂದೇ ಅಂಕ. ತಾಲ್ ಪಟ್ಟಿಯ ಕೆಳಗಿದ್ದವರನ್ನ ಹುಡಿ ಹಾರಿಸಿದರು. 16 ವರ್ಷದ ಹುಡುಗ ಬಾಬಿ ಫಿಶರ್‌ನನ್ನ ನಾಲ್ಕಕ್ಕೆ ನಾಲ್ಕೂ ಆಟ ಸೋಲಿಸಿದರು. ಕೆರೆಸ್ ಥರದವರ ಆಟದಲ್ಲಿ ಎಲ್ಲರ ಮೇಲೂ ಒಂದು ಸಮಾನ ಗೌರವ ಇರುತ್ತೆ, ದುರ್ಬಲರ ವಿರುದ್ಧ ಅಗತ್ಯವಾದ ಕ್ರೌರ್ಯ ಇರಲ್ಲ. ಹೀಗಂತ ನನ್ನ ಊಹೆ ಅಷ್ಟೆ. ಸರಿ ಇಲ್ಲ ಅನ್ನಿಸಿದರೆ ಬರೆದು ತಿಳಿಸಿ.

1962, ಕೆರಿಬಿಯನ್ ದ್ವೀಪ ಕುರಸಾವ್. ಮತ್ತೆ ನಾಲ್ಕು ಸುತ್ತಿನ ಟೂರ್ನಿ, ಸುಡುವ ಸೆಕೆ, ಸುಮಾರು ಎರಡು ತಿಂಗಳು. ತಾಲ್ ಕಾಯಿಲೆ ಬಿದ್ದು ಮಧ್ಯದಲ್ಲೇ ಬಿಟ್ಟುಹೋದರು. ಮುಂದೆ ಇದ್ದ ಮೂವರು, ಪೆಟ್ರೋಸಿಯನ್, ಗೆಲ್ಲರ್, ಕೆರೆಸ್, ತಮ್ಮತಮ್ಮೊಳಗೆ ಆಡಿದ 12 ಆಟಗಳೂ ಡ್ರಾ. ಹನ್ನೆರಡಕ್ಕೆ ಹನ್ನೆರಡು. ಶಕ್ತಿ ಉಳಿಸಿಕೊಂಡು ಬೇರೆಯವರ ಮೇಲೆ ಆಡೋ ಉಪಾಯ. ನಾಲ್ಕನೆಯವನಾದ ಫಿಶರ್ ಸಿಟ್ಟಿಗೆದ್ದು, ರಷ್ಯನ್ನರು ಚೆಸ್ಸನ್ನ ಮೊದಲೇ ಫಿಕ್ಸ್ ಮಾಡಿದ್ದಾರೆ ಅಂತ ಅಮೆರಿಕದ ಪತ್ರಿಕೆಯಲ್ಲಿ ಬರೆದ. ಒಳಒಪ್ಪಂದ ಇತ್ತು ಅನ್ನೋದನ್ನ ಸೋವಿಯತ್ ತಂಡದ ಜೊತೆಗಿದ್ದ ಅವೆರ್‌ಬಾಖ್ ಎಷ್ಟೋ ವರ್ಷದ ಮೇಲೆ ಒಪ್ಪಿಕೊಂಡರು. ಇದರಲ್ಲಿ ಕೆರೆಸ್ ಅಮಾಯಕರು ಅಂತ ನಾನು ಹೇಳಲ್ಲ. 46ನೇ ವಯಸ್ಸಿನಲ್ಲಿ ಆ ಸೆಕೆಯಲ್ಲಿ ಸುಲಭದ ಡ್ರಾ ಅವರಿಗೂ ಬೇಕಿತ್ತು. ಮೆಚ್ಚಿದ ಆಟಗಾರ ಅನ್ನೋ ಕಾರಣಕ್ಕೆ ಮುಚ್ಚಿಡೋದು ಸರಿಯಲ್ಲ.

ಕೊನೆಯ ಎರಡು ಸುತ್ತು ಉಳಿದಾಗ ಕೆರೆಸ್ ಮತ್ತು ಪೆಟ್ರೋಸಿಯನ್ ಹೆಗಲಿಗೆ ಹೆಗಲು. 27ನೇ ಸುತ್ತಿನಲ್ಲಿ ಕೆರೆಸ್‌ಗೆ ಎದುರಾಳಿ ಪಾಲ್ ಬೆಂಕೊ. ಅದೇ ಟೂರ್ನಿಯಲ್ಲಿ ಹಿಂದಿನ ಮೂರೂ ಆಟ ಕೆರೆಸ್ ಗೆದ್ದಿದ್ದರು. ಆ ಕಾಲದಲ್ಲಿ ಆಟ ಒಂದೇ ದಿನಕ್ಕೆ ಮುಗೀದಿದ್ದರೆ ಮಾರನೇ ದಿನಕ್ಕೆ ಮುಂದೂಡೋರು. ರಾತ್ರಿಯೆಲ್ಲ ವಿಶ್ಲೇಷಣೆ ಮಾಡಬಹುದು. ಈ ಆಟವೂ ಹಾಗೆ ನಿಂತಿತು. ಅವತ್ತು ರಾತ್ರಿ ಪೆಟ್ರೋಸಿಯನ್ ಮತ್ತು ಗೆಲ್ಲರ್ ತನ್ನ ಕೋಣೆ ಬಾಗಿಲು ತಟ್ಟಿ, ಕೆರೆಸ್ ವಿರುದ್ಧ ವಿಶ್ಲೇಷಣೆಗೆ ನೆರವಾಗೋಕೆ ಮುಂದಾದರು, ನಾನು ವಾಪಸ್ ಕಳಿಸಿದೆ ಅಂತ ಬೆಂಕೊ ಆಮೇಲೆ ಹೇಳಿಕೊಂಡಿದ್ದಾರೆ. ಮಾರನೇ ದಿನ ಬೆಂಕೊ ಗೆದ್ದರು. ಕೊನೆಯ ಸುತ್ತಿನಲ್ಲಿ ಪೆಟ್ರೋಸಿಯನ್ 14 ನಡೆಗಳಲ್ಲೇ ಡ್ರಾ ಮಾಡಿ ಎದ್ದರು. ಕೆರೆಸ್ ಫಿಶರ್ ಎದುರು ಗೆಲ್ಲಬೇಕಿತ್ತು. ಡ್ರಾ ಆಯ್ತು. ಪೆಟ್ರೋಸಿಯನ್ 17.5. ಕೆರೆಸ್ 17, ಗೆಲ್ಲರ್ 17.

ಅರ್ಧ ಅಂಕ. ಬೆಂಕೊ ಎದುರಿನ ಆಟ ಬರೀ ಡ್ರಾ ಆಗಿದ್ದರೂ ಇಬ್ಬರೂ ಸಮ. ಮುಂದಿನ ವರ್ಷ ಪೆಟ್ರೋಸಿಯನ್ ಬೊಟ್ವಿನ್ನಿಕ್‌ರನ್ನ ಸೋಲಿಸಿ ಚಾಂಪಿಯನ್ ಆದರು. ಗಮನಿಸಿ, ಈ ನಾಲ್ಕು ಟೂರ್ನಿಗಳಲ್ಲಿ ಕೆರೆಸ್‌ಗಿಂತ ಮುಂದೆ ಬಂದ ಸ್ಮಿಸ್ಲಾವ್, ತಾಲ್, ಪೆಟ್ರೋಸಿಯನ್ ಮೂವರೂ ಬೇಗನೋ ತಡವೋ ವಿಶ್ವ ಚಾಂಪಿಯನ್ ಆದವರೇ. ಕುರಸಾವ್ ಗಲಾಟೆಯ ಫಲವಾಗಿ ಫಿಡೆ ಮುಂದಿನ ಸಲದಿಂದ ಕ್ಯಾಂಡಿಡೇಟ್ಸ್ ಅನ್ನು ಟೂರ್ನಿ ಬದಲು ಇಬ್ಬಿಬ್ಬರ ನಾಕೌಟ್ ಪಂದ್ಯಗಳಾಗಿ ಬದಲಿಸಿತು. 1965ರಲ್ಲಿ ಆ ಹೊಸ ಪದ್ಧತಿಯಲ್ಲಿ ಕೆರೆಸ್‌ಗೆ ಮೊದಲೇ ಸಿಕ್ಕಿದ್ದು ಸ್ಪಾಸ್ಕಿ. 6–4ರಿಂದ ಸೋಲು. ಪಟ್ಟದ ಓಟ ಅಲ್ಲಿಗೆ ನಿಂತಿತು.

ಆಟ ನಿಲ್ಲಲಿಲ್ಲ. ಅಷ್ಟರಲ್ಲಿ ಸೋವಿಯತ್ ತಂಡದಲ್ಲಿ 1952ರಿಂದ 1964ರವರೆಗೆ ಸತತ ಏಳು ಒಲಿಂಪಿಯಾಡ್ ಆಡಿ ಏಳೂ ಸಲ ತಂಡದ ಚಿನ್ನ ತಂದಿದ್ದರು. ತನ್ನ ದೇಶವನ್ನ ನುಂಗಿದ ದೇಶದ ಪರವಾಗಿ ಅಷ್ಟು ಚಿನ್ನ. ಆ ಮನುಷ್ಯನ ಎದೆಯಲ್ಲಿ ಏನಿತ್ತೋ, ಊಹೆ ಮಾಡೋದು ಕಷ್ಟ.

1975ರಲ್ಲಿ ಕೆನಡಾದ ವ್ಯಾಂಕೂವರ್‌ನಲ್ಲಿ ಒಂದು ಟೂರ್ನಿ. 59 ವರ್ಷದ ಕೆರೆಸ್ ಹೋಗಿ ಆಡಿದರು, ಮೊದಲ ಸ್ಥಾನ. ಮನೆಗೆ ವಾಪಸ್ ಬರುವ ದಾರಿಯಲ್ಲಿ, ಜೂನ್ 5ರಂದು, ಹೆಲ್ಸಿಂಕಿಯಲ್ಲಿ ಹೃದಯಾಘಾತ. ಕೊಲ್ಲಿ ದಾಟಿದರೆ ತಾಲಿನ್, ಅವರ ಊರು. ಅಂತ್ಯಕ್ರಿಯೆಗೆ ಲಕ್ಷದಷ್ಟು ಜನ ಸೇರಿದ್ದರು ಅಂತಾರೆ. ಇಡೀ ಎಸ್ಟೋನಿಯಾದ ಜನಸಂಖ್ಯೆಯೇ ಆಗ ಸುಮಾರು 14 ಲಕ್ಷ, ಅಂದರೆ ನಮ್ಮ ಕೊಪ್ಪಳ ಜಿಲ್ಲೆಯಷ್ಟು.

ಎಸ್ಟೋನಿಯಾ 1991ರಲ್ಲಿ ಮತ್ತೆ ಸ್ವತಂತ್ರ ಆಯ್ತು. ಮರುವರ್ಷ ಸ್ವಂತ ಹಣ ಕ್ರೂನ್ ಚಲಾವಣೆಗೆ ತಂದಾಗ, 5 ಕ್ರೂನ್ ನೋಟಿನ ಮೇಲೆ ಅಚ್ಚು ಹಾಕಿದ್ದು ಕೆರೆಸ್ ಮುಖ. 2011ರಲ್ಲಿ ಯೂರೊ ಬಂದು ಆ ನೋಟು ಹೋಯ್ತು. 2016ರಲ್ಲಿ, ಅವರು ಹುಟ್ಟಿ ನೂರು ವರ್ಷ ಆದಾಗ, 2 ಯೂರೊ ನಾಣ್ಯದ ಮೇಲೆ ಮತ್ತೆ ಬಂದರು. ಯಾವುದೋ ಅಂಗಡಿಯಲ್ಲಿ ಚಿಲ್ಲರೆ ಜೊತೆ ಆ ನಾಣ್ಯ ನಿಮ್ಮ ಕೈಗೂ ಬರಬಹುದು. ಯುರೋಪಿನಲ್ಲಿರೋ ನಮ್ಮ ಕೇಳುಗರು ಯಾರಾದರೂ ಇದ್ದರೆ ಒಮ್ಮೆ ಜೇಬು ನೋಡಿಕೊಳ್ಳಿ.

ಇಷ್ಟು ಕೇಳಿದ ಮೇಲೆ ಒಂದಾದರೂ ಆಟ ನೋಡಬೇಕು ಅನ್ನಿಸಿದರೆ, 1938ರ ಆವ್ರೊದಲ್ಲಿ ಕೆರೆಸ್ ಬಿಳಿ ಕಾಯಿ ಹಿಡಿದು ಕಾಪಾಬ್ಲಾಂಕಾ ಎದುರು ಗೆದ್ದದ್ದನ್ನ ನೋಡಿ. ಅಂತರ್ಜಾಲದಲ್ಲಿ ಸುಲಭವಾಗಿ ಸಿಗುತ್ತೆ. ಮೊಬೈಲ್‌ನಲ್ಲಿ ಬೆರಳು ಒತ್ತುತ್ತಾ ನೋಡಬೇಡಿ. ಬೋರ್ಡ್ ಹರಡಿ, ಒಂದೊಂದೇ ಕಾಯಿ ಕೈಯಲ್ಲಿ ಎತ್ತಿಟ್ಟು ನೋಡಿ.